ಸಂಕಲನ: ಜ್ಞಾನದೇವ

"ಕೈ ತಗೀರಿ!"

ಚಟ್ಟಕ್ಕೆ ಹೆಗಲು ಕೊಡಲು ಬಗ್ಗಿದ್ದ ಧನಪಾಲನ ಕೈಯನ್ನು ಭಾಗ್ಯಾ ತಳ್ಳಿಯೇಬಿಟ್ಟಳು. ಗಂಡನ ಹೆಣದ ಮುಂದೆ ಹೀಗೆ ಮಾಡಿದ ಹೆಂಗಸನ್ನು ನಿಪ್ಪಾಣಿಯ ಆ ಓಣಿ ಕಂಡಿರಲಿಲ್ಲ. ಧನಪಾಲ ಚಿಕ್ಕೋಡಿಯ ಸಾಕ್ಷ್ಯಚಿತ್ರ ನಿರ್ದೇಶಕ. ತಾನು ಅಳುವುದನ್ನು ಚಿತ್ರಿಸಲು ಕ್ಯಾಮೆರಾದವನನ್ನೂ ಜೊತೆಗೆ ಕರೆತಂದಿದ್ದ. ಎಂಥ ಭಂಡತನ!

"ಹುಚ್ಚಿ ಏನ ಬೇ ನೀ?" ಅತ್ತೆ ಜನಾಬಾಯಿ ಗದರಿದಳು. "ನನ್ನ ಮಗನ ಹೆಸರ ಪಡದೆ ಮ್ಯಾಲ ತಂದ ಸಾಹೇಬ್ರು ಅವರು."

ಭಾಗ್ಯಾ ಪಕ್ಕಕ್ಕೆ ಸರಿದಳು. ಅತ್ತೆಗೆ ನಿಜ ಹೇಳುವುದಿಲ್ಲವೆಂದು ಗಂಡ ಜ್ಞಾನದೇವನಿಗೆ ಮಾತು ಕೊಟ್ಟಿದ್ದಳು.

*

ವರ್ಷಗಳ ಹಿಂದೆ, ಧನಪಾಲ ತೆಗೆದ ಬೀಡಿ ಕಟ್ಟುವ ಹೆಂಗಸರ ಚಿತ್ರಕ್ಕಾಗಿ ಜ್ಞಾನದೇವ ಹನ್ನೊಂದು ತಿಂಗಳು ಕಂಪ್ಯೂಟರಿನ ಮುಂದೆ ಕೂತಿದ್ದ. ತೊಂಬತ್ತು ತಾಸಿನ ಚಿತ್ರೀಕರಣವನ್ನು ಕತ್ತರಿಸಿ, ಜೋಡಿಸಿ, ಐವತ್ತು ನಿಮಿಷಕ್ಕೆ ತಂದ. ಅದರಲ್ಲಿ ಎಲೆ ಸುತ್ತಿ ದಾರ ಬಿಗಿಯುವ ಅವನ ತಾಯಿಯ ಬೆರಳುಗಳೂ ಇದ್ದವು. ಅಲ್ಲಿ ಸಂಗೀತ ಹಾಕೆಂದು ಧನಪಾಲ ಹಟ ಹಿಡಿದಾಗ, "ಆಯಿ ಬೀಡಿ ಕಟ್ಟೂವಾಗ ಬಾಜೂಕ ಯಾರ ಪೇಟಿ ಬಾರಸ್ತಿದ್ರ್ರಿ?" ಎಂದಿದ್ದ.

ನಿಪ್ಪಾಣಿಯಲ್ಲಿ ಮೊದಲ ಪ್ರದರ್ಶನ. ಕೊನೆಗೆ ತೆರೆಯ ಮೇಲೆ ಬಂತು: ಸಂಕಲನ, ನಿರ್ದೇಶನ – ಧನಪಾಲ. ಓದಲು ಬಾರದ ಜನಾಬಾಯಿ ಮಗನ ತೋಳು ಹಿಡಿದಳು.

"ನಿನ್ನ ಹೆಸರ ಬಂತೇನೋ?"

"ಬಂತ ಆಯಿ."

ಮರುದಿನ ಅವಳು ಓಣಿಗೆಲ್ಲ ಪೇಢೆ ಹಂಚಿದಳು. "ಆಕಿಗ ಹೇಳಬ್ಯಾಡ," ಎಂದ ಜ್ಞಾನದೇವ ಹೆಂಡತಿಗೆ. "ಆ ಪೇಢೆ ರುಚಿ ಆಕಿ ಬಾಯಾಗ ಹಂಗ ಇರ್ಲಿ." ಪ್ರಶಸ್ತಿ ಬಂದು ಧನಪಾಲ ದೊಡ್ಡ ಮನುಷ್ಯನಾದ. ಜ್ಞಾನದೇವ ಟಿವಿಯವರ ಸುದ್ದಿ ಕತ್ತರಿಸುತ್ತ ಕತ್ತರಿಸುತ್ತ ನಲವತ್ತೊಂಬತ್ತಕ್ಕೇ ಎದೆ ಹಿಡಿದುಕೊಂಡು ಹೋಗಿಬಿಟ್ಟ.

*

ಸ್ಮಶಾನದಲ್ಲಿ ಬೌದ್ಧರ ತ್ರಿಶರಣ ಪ್ರಾರ್ಥನೆ ಮುಗಿಯಿತು. ಬೆಂಕಿ ಇಡುವ ಮೊದಲು ಸತ್ತವರ ಬಗ್ಗೆ ನಾಲ್ಕು ಮಾತಾಡುವುದು ಅವರ ರೂಢಿ. ಧನಪಾಲ ಮೈಕು ಹಿಡಿದು ಕಣ್ಣೊರೆಸಿಕೊಂಡ.

"ಜ್ಞಾನದೇವ ನನ್ನ ಬಲಗೈ ಇದ್ದಂಗ ಇದ್ದ. ನಾ ಹೇಳಿದಷ್ಟ ಮಾಡಾಂವ..."

ಕೊಟ್ಟ ಮಾತು ಸುಟ್ಟುಹೋಗಲಿ! ಭಾಗ್ಯಾ ಮುಂದೆ ನುಗ್ಗಿದಳು.

"ಬೀಡಿ ಸಿನಿಮಾ ಜೋಡಿಸಿದವ್ರು ಯಾರ್ರಿ? ಅದರಾಗ ಹೆಸರ ಯಾರದೈತಿ? ನಮ್ಮ ಅತ್ತಿ ಮುಂದ ಹೇಳ್ರಿ."

"ಬಂದ್ ಮಾಡೋ ಲೇ," ಎಂದ ಧನಪಾಲ, ಕ್ಯಾಮೆರಾದವನಿಗೆ. ಅವನು ಬಂದ್ ಮಾಡಲಿಲ್ಲ.

ಜನಾಬಾಯಿ ಧನಪಾಲನ ಮುಖವನ್ನೇ ನೋಡಿದಳು. "ಸಾಹೇಬ್ರ, ನನ್ನ ಮಗನ ಹೆಸರ ಇಲ್ಲೇನ್ರಿ ಅದರಾಗ?"

ಅವನು ಮೈಕು ಕೆಳಗಿಳಿಸಿದ. "ಈಗ ಅದೆಲ್ಲಾ ಯಾಕ, ಆಯಿ? ಬಿಸಲ ಏರಾಕತ್ತೈತಿ. ಬೆಂಕಿ ಹಚ್ಚೂಣು."



"ಮೊದಲ ಹೇಳ್ರಿ," ಎಂದಳು ಜನಾಬಾಯಿ. "ಮೈಕಿನಾಗ ಹೇಳ್ರಿ."

ಕಟ್ಟಿಗೆಯ ಮೇಲಿಟ್ಟಿದ್ದ ಕಡ್ಡಿಪೆಟ್ಟಿಗೆಯನ್ನು ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡಳು. ಆಮೇಲೆ ಮಗನ ತಲೆಯ ಹತ್ತಿರ, ಕಾದ ನೆಲದ ಮೇಲೆ, ಚಕ್ಕಳಮಕ್ಕಳ ಹಾಕಿ ಕೂತಳು.