ಮನೆ ಬಟ್ಟೆ, ಊರ ಬಟ್ಟೆ

"ನಿಮ್ಮಲ್ಲಿ ಮನೆಯವರು ಯಾರು, ನೆಂಟರು ಯಾರು ಅಂತ ಯಾರಾದರೂ ಹೇಳ್ತೀರಾ? ನನಗಂತೂ ಎಲ್ಲರೂ ಒಂದೇ ತಾಯಿ ಮಕ್ಕಳ ಹಾಗೆ ಕಾಣ್ತಿದ್ದೀರಿ."

ರೆಫರಿ ಸೀಟಿಯನ್ನು ಬಾಯಿಂದ ತೆಗೆದು ಹೀಗೆಂದಾಗ ಮೆಟ್ಟಿಲುಬೆಂಚುಗಳ ಮೇಲೆ ಕೂತಿದ್ದವರು ಗೊಳ್ಳೆಂದು ನಕ್ಕರು. ಏಣಿ ನಗಲಿಲ್ಲ. ಅಂಕಣದ ನಡುವೃತ್ತದಲ್ಲಿ ನಿಂತಿದ್ದ ಅವಳು ಎದುರು ತಂಡದ ನಾಯಕಿಯ ಜರ್ಸಿ ನೋಡಿದಳು, ತನ್ನದನ್ನು ನೋಡಿಕೊಂಡಳು, ಮತ್ತೆ ಅವಳದ್ದನ್ನು ನೋಡಿದಳು. ಇವರದ್ದು ಬದನೆಕಾಯಿ ಬಣ್ಣ, ಅವರದ್ದು ನೇರಳೆಹಣ್ಣಿನ ಬಣ್ಣ. ಬಿಸಿಲಿನಲ್ಲಿ ಪಕ್ಕಪಕ್ಕ ಹಿಡಿದರೆ ವ್ಯತ್ಯಾಸ ತಿಳಿಯುತ್ತಿತ್ತೇನೋ. ಆ ಆಟದ ಹಾಲ್‌ನ ಟ್ಯೂಬ್‌ಲೈಟುಗಳ ಕೆಳಗೆ ಎರಡೂ ಒಂದೇ ಹಂಡೆಯಲ್ಲಿ ಅದ್ದಿ ತೆಗೆದ ಹಾಗಿದ್ದವು.

ಏಣಿ ಎಂದರೆ ಕಾಲೇಜಿನ ಬ್ಯಾಸ್ಕೆಟ್‌ಬಾಲ್ ತಂಡದ ನಾಯಕಿ. ಅವಳ ಉದ್ದ ನೋಡಿ ಯಾರೋ ಮೊದಲ ವರ್ಷ ಇಟ್ಟ ಹೆಸರು ಅದು. ಈಗ ಹಾಜರಿ ಕರೆಯುವ ಮೇಷ್ಟರ ಬಾಯಲ್ಲೂ ಒಮ್ಮೊಮ್ಮೆ ಅದೇ ಬಂದುಬಿಡುತ್ತಿತ್ತು.

"ಸರ್, ನಾವು ಮನೇಲಿ ಯಾವಾಗಲೂ ಇದನ್ನೇ ಹಾಕೋದು," ಎಂದಳು ಏಣಿ.

"ಮನೇಲಿ ನೀವು ಏನು ಬೇಕಾದರೂ ಹಾಕ್ಕೊಳ್ಳಮ್ಮ, ನಾನು ಕೇಳೋಕೆ ಬರಲ್ಲ. ಇದು ಪಂದ್ಯ. ಮನೆಯವರು ತಿಳಿ ಬಣ್ಣ, ಬಂದವರು ಗಾಢ ಬಣ್ಣ. ಅವರು ಸರಿಯಾಗೇ ಬಂದಿದ್ದಾರೆ. ಬದಲಾಯಿಸಬೇಕಾದವರು ನೀವು. ಅರ್ಧ ಗಂಟೆ ಕೊಡ್ತೀನಿ. ಆಗಲಿಲ್ಲ ಅಂದರೆ ಆಟ ಅವರದ್ದು."

ಲೋಕಕ್ಕೆಲ್ಲ ಒಂದು ದಾರಿಯಾದರೆ ಈ ಕಾಲೇಜಿನದ್ದೇ ಇನ್ನೊಂದು ದಾರಿ. ಇಲ್ಲಿ ಮೊದಲ ತಂಡ ಕಟ್ಟಿದ ಹುಡುಗಿಯರ ಹತ್ತಿರ ಇದ್ದದ್ದು ಒಂದೇ ಜೊತೆ ಬಟ್ಟೆ, ಬದನೆಕಾಯಿ ಬಣ್ಣದ್ದು. ಬೆವರಿ, ಬಿದ್ದು, ತೇಪೆ ಹಾಕಿ ಅದರಲ್ಲೇ ಆಡಿದರು. ಎರಡನೇ ಜೊತೆ ಹೊಲಿಸುವ ಯೋಗ ಬಂದಾಗ ಬಿಳಿ ಹೊಲಿಸಿದರು. ನಾಲ್ಕು ಜನರೆದುರು ಹೋಗುವಾಗ ಶುಭ್ರವಾಗಿರಬೇಡವೇ? ಒಳ್ಳೆಯದನ್ನು ಊರಿಗೆ ಹೋಗುವುದಕ್ಕೆ ಎತ್ತಿಡುವುದು, ಹಳೆಯದನ್ನು ಮನೆಯಲ್ಲಿ ತೊಡುವುದು. ಎಲ್ಲ ತಾಯಂದಿರೂ ಕಲಿಸಿದ್ದು ಅದೇ ತಾನೇ. ಹಾಗಾಗಿ ಬದನೆಕಾಯಿಯದ್ದು 'ಮನೆ ಬಟ್ಟೆ' ಆಯಿತು, ಬಿಳಿಯದ್ದು 'ಊರ ಬಟ್ಟೆ' ಆಯಿತು. ಆಮೇಲೆ ಜರ್ಸಿಗಳು ಎಷ್ಟು ಸಲ ಹೊಸದಾದರೂ ಹೆಸರು, ಬಣ್ಣ ಬದಲಾಗಲಿಲ್ಲ. ಸುತ್ತಲಿನ ಕಾಲೇಜುಗಳಿಗೂ ಇದು ರೂಢಿಯಾಗಿ, ಇಲ್ಲಿಗೆ ಬರುವಾಗ ಅವರೇ ತಿಳಿ ಬಣ್ಣ ತರುತ್ತಿದ್ದರು, ಇವರು ಅಲ್ಲಿಗೆ ಹೋದಾಗ ಗಾಢ ಬಣ್ಣ ತೊಡುತ್ತಿದ್ದರು. ರೆಫರಿಗಳೂ ಸುಮ್ಮನಿರುತ್ತಿದ್ದರು. ಎರಡು ತಂಡ ಬೇರೆಬೇರೆ ಕಂಡರೆ ಅವರಿಗೆ ಸಾಕಿತ್ತು.

ಆದರೆ ಇವತ್ತಿನ ಎದುರಾಳಿ ಈ ವರ್ಷವಷ್ಟೇ ಪಂದ್ಯಾವಳಿಗೆ ಸೇರಿದ ಕಾಲೇಜು. ಅವರ ನಾಯಕಿಗೆ ಫೋನ್ ಮಾಡಿದವಳು ಏಣಿಯೇ. "ನಾವು ನಮ್ಮ ಮನೆ ಬಟ್ಟೇಲಿ ಆಡ್ತೀವಿ ಕಣೇ, ಗೊತ್ತಲ್ಲ?" ಅಂದಿದ್ದಳು. "ಗೊತ್ತು ಗೊತ್ತು, ಹಾಗಾದರೆ ನಾವು ಹೊರಗಿನದು ತರ್ತೀವಿ," ಅಂದಿದ್ದಳು ಅವಳು. ಇಬ್ಬರೂ ನಕ್ಕು ಫೋನ್ ಇಟ್ಟಿದ್ದರು. ಬಣ್ಣದ ಹೆಸರನ್ನು ಇಬ್ಬರೂ ಎತ್ತಿರಲಿಲ್ಲ. ಹಗಲು ರಾತ್ರಿ 'ಮನೆ ಬಟ್ಟೆ' ಅನ್ನುವ ನಾಲಿಗೆಗೆ ಬೇರೆಯವರ ಮನೆಯಲ್ಲಿ ಬಟ್ಟೆ ಬಿಳಿ ಇರುತ್ತದೆಂದು ಹೊಳೆಯುವುದಾದರೂ ಹೇಗೆ?

"ನಾನು ಕೇಳಿದೆನಲ್ಲ ನಿನ್ನನ್ನ, ಎಲ್ಲಾ ಹೇಳಿದೀಯಾ ಅಂತ," ಎಂದರು ಕೋಚ್. ಅವರೂ ಈ ವರ್ಷವೇ ಬಂದವರು.

"ಹೇಳಿದೆ ಸರ್."

"ಏನಂತ?"

"ಮನೆ ಬಟ್ಟೆ ಅಂತ."

ಕೋಚ್ ಹಣೆ ಒತ್ತಿಕೊಂಡರು. "ಹೋಗಲಿ ಬಿಡು. ಬಿಳೀದೇ ಹಾಕ್ಕೊಳ್ಳಿ. ಬಣ್ಣದಲ್ಲೇನಿದೆ? ಆಡೋರು ನೀವು, ಬಟ್ಟೆ ಆಡುತ್ತಾ?"

ಏಣಿಗೆ ಮೈಯೆಲ್ಲ ಉರಿಯಿತು. ಬಣ್ಣದಲ್ಲೇನಿದೆಯಂತೆ! ಇದು ಅವಳ ಕೊನೆಯ ಮನೆಯಂಗಳದ ಪಂದ್ಯ. ಕೊನೆಯ ಪಂದ್ಯ ಮುಗಿದ ಕೂಡಲೇ ಹೊರಡುವ ನಾಯಕಿ ನಡುವೃತ್ತದಲ್ಲಿ ನಿಂತು ಬೆವರಿನ ಜರ್ಸಿ ಬಿಚ್ಚಿ, ಒಳಗಿನ ಬನಿಯನ್ನಿನಲ್ಲೇ ನಿಂತು, ಮುಂದಿನ ನಾಯಕಿಗೆ ತೊಡಿಸಬೇಕು. ಒಗೆದು ಕೊಡುವ ಹಾಗಿಲ್ಲ, ಒಣಗಿಸಿ ಕೊಡುವ ಹಾಗೂ ಇಲ್ಲ. ಹಸಿಯಾಗೇ ಕೊಡಬೇಕು, ಅವಳು 'ಥೂ' ಅಂತ ಮುಖ ಸಿಂಡರಿಸಿಕೊಂಡೇ ತೊಡಬೇಕು, ಬೆಂಚಿನ ಮೇಲಿದ್ದವರು ಕಾಲು ಕುಟ್ಟಬೇಕು. ಎರಡು ವರ್ಷದ ಹಿಂದೆ ಬೆಂಚಿನ ತುದಿಯಲ್ಲಿ ಕೂತು ಕಾಲು ಕುಟ್ಟಿದ್ದ ಏಣಿ, ಹೋದ ವರ್ಷ ಆ ಹಸಿ ಬಟ್ಟೆಯೊಳಗೆ ತಲೆ ತೂರಿಸಿದಾಗ ಅತ್ತಿದ್ದಳು. ಆ ಜರ್ಸಿಯನ್ನು ಈಗ ಬಿಚ್ಚಿ ಬೆಂಚಿನ ಮೇಲೆ ಮಡಚಿಡು ಅಂದರೆ?

ಇನ್ನೂ ಒಂದು ಎಡವಟ್ಟಿತ್ತು. ಮನೆ ಬಟ್ಟೆ ಇರುತ್ತಿದ್ದದ್ದು ಕಾಲೇಜಿನ ಬೀರುವಿನಲ್ಲಿ. ಊರ ಬಟ್ಟೆ ಇರುತ್ತಿದ್ದದ್ದು ಅವರವರ ಮನೆಯಲ್ಲಿ, ಒಗೆಯುವುದಕ್ಕೆ. ಹಾಸ್ಟೆಲಿನ ಹುಡುಗಿಯರು ಓಡಿದರು. ಉಳಿದವರು ಫೋನ್ ಹಿಡಿದರು. ಏಣಿ ಅಮ್ಮನಿಗೆ ಮಾಡಿದಳು.

"ಅಮ್ಮಾ, ಬೇಗ ನನ್ನ ಊರ ಬಟ್ಟೆ ತಗೊಂಡು ಹಾಲ್ ಹತ್ರ ಬಾ."

"ಊರಿಗಾ? ಯಾವೂರಿಗೇ? ಇವತ್ತು ಆಟ ಇಲ್ಲೇ ಅಂದ್ಯಲ್ಲ!"

"ಆಟ ಇಲ್ಲೇ ಅಮ್ಮ."

"ಮತ್ತೆ ಊರಿಗ್ಯಾಕೆ ಹೊರಟೆ? ಏನಾಯ್ತು? ಯಾರ ಜೊತೆ ಹೊರಟಿದ್ದೀಯ?"

"ಅಯ್ಯೋ, ಬಿಳೀದು! ಬಿಳೀ ಜರ್ಸಿ!"

"ಬಿಳೀದು ಅನ್ನೋಕೆ ಏನು ದಾಡಿ ನಿನಗೆ? ಎದೆ ಧಸಕ್ಕಂತು. ಈಗ ತಾನೇ ಹಿಂಡಿ ಹರವಿದೀನಿ ಕಣೇ, ನೀರು ತೊಟ್ಟಿಕ್ಕತಾ ಇದೆ."

"ತೊಟ್ಟಿಕ್ಕಲಿ, ತಾ."

ಅಮ್ಮ ಬಂದರು. ಇಸ್ತ್ರಿ ಪೆಟ್ಟಿಗೆ ಒತ್ತಿ ಒತ್ತಿ ಒಣಗಿಸಲು ನೋಡಿದ್ದರು. ಎದೆಯ ಭಾಗ ಬಿಸಿ, ಬೆನ್ನು ತಣ್ಣಗೆ. ಏಣಿ ಅದನ್ನು ತೊಟ್ಟು ಹೊರಬಂದಾಗ ನೆನೆದ ಕೋಳಿಯ ಹಾಗೆ ಕಾಣುತ್ತಿದ್ದಳು. "ನೆಗಡಿ ಆದರೆ ನನ್ನನ್ನ ಬೈಬೇಡ," ಎಂದು ಅಮ್ಮ ಮುಂದಿನ ಬೆಂಚಿನಲ್ಲೇ ಕೂತರು.

ಆಟ ಶುರುವಾಯಿತು. ಶುರುವಾಗದಿದ್ದರೇ ಚೆನ್ನಾಗಿತ್ತು ಅನ್ನಿ.

ಕಾಲೇಜಿನ ಹುಡುಗ ಹುಡುಗಿಯರೆಲ್ಲ ಸಂಪ್ರದಾಯದಂತೆ ಬದನೆಕಾಯಿ ಬಣ್ಣ ತೊಟ್ಟು ಬೆಂಚು ತುಂಬಿದ್ದರು. ಅಂಕಣದಲ್ಲಿ ಅದೇ ಥರದ ಬಣ್ಣದವರು ಬುಟ್ಟಿಗೆ ಚೆಂಡು ಹಾಕಿದಾಗೆಲ್ಲ ಅರ್ಧ ಜನ ಹೋ ಎಂದು ಎದ್ದು ನಿಂತು, ಪಕ್ಕದವರಿಂದ ಚಿವುಟಿಸಿಕೊಂಡು ಕೂರುತ್ತಿದ್ದರು. ಅದನ್ನಾದರೂ ಸಹಿಸಬಹುದಿತ್ತು. ಕಣ್ಣಿಗಿಂತ ಕೈಯ ಅಭ್ಯಾಸ ಕೆಟ್ಟದ್ದು. ಈ ಹಾಲಿನಲ್ಲಿ, ಈ ಮರದ ನೆಲದ ಮೇಲೆ, ಓರೆಗಣ್ಣಿಗೆ ಗಾಢ ಬಣ್ಣ ಕಂಡರೆ ಅತ್ತ ಚೆಂಡು ಎಸೆಯುವುದು ಆ ಹುಡುಗಿಯರ ಕೈಗೆ ರೂಢಿಯಾಗಿಬಿಟ್ಟಿತ್ತು. ಮುಂದಿನ ನಾಯಕಿಯಾಗಲಿದ್ದ ಎರಡನೇ ವರ್ಷದ ಗುಬ್ಬಿ, ಹೆಸರಿಗೆ ತಕ್ಕ ಹಾಗೆ ಪುಟ್ಟ ಆಳು, ಚುರುಕಾಗಿ ಚೆಂಡು ಕಸಿದುಕೊಂಡು ಅಷ್ಟೇ ಚುರುಕಾಗಿ ನೇರಳೆಹಣ್ಣಿನ ಕೈಗೆ ಕೊಟ್ಟಳು.

"ಯಾರಿಗೆ ಕೊಡ್ತಿದ್ದೀಯೇ ದಾನಶೂರೆ!" ಎಂದು ಏಣಿ ಅರಚಿದಳು.

"ನೀನು ಅಂದ್ಕೊಂಡೆ ಅಕ್ಕ!"

"ನಾನು ಬಿಳೀಗಿದ್ದೀನಲ್ಲೇ!"

"ಅದೇ ಅಕ್ಕ ತೊಂದರೆ!"

ಎದುರು ನಾಯಕಿ ಚೆಂಡು ಕುಟ್ಟುತ್ತಲೇ, "ಥ್ಯಾಂಕ್ಸ್ ಕಣ್ರೇ," ಎಂದು ಓಡಿದಳು.

ಬಿಡುವಿನಲ್ಲಿ ಕೋಚ್ ಹಲಗೆಯ ಮೇಲೆ ಬಾಣ ಎಳೆದರು, ವೃತ್ತ ಬರೆದರು. ಯಾರ ತಲೆಗೂ ಹೋಗಲಿಲ್ಲ. ಕೊನೆಗೆ ಹಲಗೆ ಪಕ್ಕಕ್ಕಿಟ್ಟು, "ಬಿಳೀಗೆ ಕೊಡಿ. ಇಷ್ಟೇ. ಇದಕ್ಕಿಂತ ದೊಡ್ಡ ತಂತ್ರ ನನ್ನ ಹತ್ರ ಇಲ್ಲ," ಎಂದರು. ಏಣಿಗೆ ಒಂದು ಕ್ಷಣ ಪಾಪ ಅನ್ನಿಸಿತು. ಬಟ್ಟೆ ಆಡುತ್ತದೆ ಎಂದು ಅವರಿಗೂ ಈಗ ಗೊತ್ತಾಗಿರಬೇಕು.

ಎರಡನೇ ಅರ್ಧದಲ್ಲಿ ಅವರು ಚೇತರಿಸಿಕೊಂಡರು, ನಿಜ ಹೇಳಬೇಕಲ್ಲ. ಬಿಳಿ ಬಿಳಿ ಎಂದು ಬಾಯಿಪಾಠ ಮಾಡಿಕೊಂಡು ಓಡಿದರು. ಒಂದೊಂದೇ ಬುಟ್ಟಿ ತುಂಬುತ್ತ, ಕೊನೆಯ ಗಳಿಗೆಗೆ ಒಂದೇ ಬ್ಯಾಸ್ಕೆಟ್ ಹಿಂದಿದ್ದರು. ಚೆಂಡು ಏಣಿಯ ಕೈಯಲ್ಲಿ. ಅವಳೆದುರು ಇಬ್ಬರು ಗೋಡೆಯ ಹಾಗೆ ನಿಂತರು. ಎಡಗಡೆ ಬೆಂಚಿನ ಹತ್ತಿರ ಬದನೆಕಾಯಿ ಬಣ್ಣವೊಂದು ಕೈಯೆತ್ತಿ ಕುಣಿಯಿತು. ಏಣಿ ಯೋಚಿಸಲಿಲ್ಲ, ಎಸೆದಳು. ಚೆಂಡು ಹೋಗಿ ಗೆರೆಯಾಚೆ ಕುಣಿಯುತ್ತಿದ್ದ ಕಾಮರ್ಸ್ ವಿಭಾಗದ ಹುಡುಗನೊಬ್ಬನ ಎದೆಗೆ ಬಡಿಯಿತು. ಅವನು ಪಾಪ, ಗಟ್ಟಿಯಾಗಿ ಹಿಡಿದುಕೊಂಡ.

ಸೀಟಿ ಕೂಗಿತು. ಸ್ವಲ್ಪ ಹೊತ್ತಿಗೆ ಆಟವೂ ಮುಗಿಯಿತು.

ಏಣಿ ಬೆಂಚಿನ ಮೇಲೆ ಮೊಣಕಾಲಿಗೆ ಮೊಣಕೈ ಊರಿ ಕೂತಳು. ದಾನಶೂರೆ ಎಂದು ಬೈದವಳೇ ಕೊನೆಯ ಚೆಂಡು ದಾನ ಮಾಡಿದ್ದಳು. ಎದುರು ತಂಡದವರು ಅಂಕಣದ ಅಂಚಿನಲ್ಲೇ ನೆಲಕ್ಕೆ ಕೂತು ನೀರು ಕುಡಿಯುತ್ತಿದ್ದರು. ಮೇಲೆ ಕೂತವರು ಯಾರೂ ಎದ್ದಿರಲಿಲ್ಲ. ಸೋತರೂ ಸರಿಯೇ, ಜರ್ಸಿ ತೊಡಿಸುವುದನ್ನು ನೋಡದೆ ಅವರು ಹೋಗುವವರಲ್ಲ.

ಗುಬ್ಬಿ ಬಂದು ಪಕ್ಕದಲ್ಲಿ ನಿಂತಳು. "ಅಕ್ಕ, ಎಲ್ಲಾರೂ ಕಾಯ್ತಿದ್ದಾರೆ."

"ಕಾಯ್ಲಿ."

"ಬಿಳೀದೇ ಕೊಡು ಅಕ್ಕ. ಹೆಂಗೂ ಹಸಿಯಾಗಿದೆಯಲ್ಲ."

"ಅದು ನಮ್ಮಮ್ಮ ಒಗೆದ ನೀರು ಕಣೇ, ನನ್ನ ಬೆವರಲ್ಲ."

ಮುಂದಿನ ಬೆಂಚಿನಿಂದ ಅಮ್ಮ, "ಈಗ ಅದೂ ನನ್ನ ತಪ್ಪಾ!" ಎಂದರು.

"ಇವತ್ತು ಬಿಳೀದು ಕೊಟ್ಟರೆ ಏನಾಗುತ್ತೆ ಗೊತ್ತಾ?" ಏಣಿ ಗುಬ್ಬಿಯ ಮುಖ ನೋಡದೆ ಹೇಳಿದಳು. "ಮುಂದಿನ ವರ್ಷ ನೀನು ಬಿಳೀದು ಕೊಡ್ತೀಯ. ಅದರ ಮುಂದಿನವಳು, ನಮ್ಮಲ್ಲಿ ಮೊದಲಿಂದಾನೂ ಹೀಗೇ ಅಂತಾಳೆ. ನಮ್ಮ ಕಾಲೇಜಲ್ಲಿ ಒಂದು ಎಡವಟ್ಟು ಆದರೆ ಸಾಕು, ಅದಕ್ಕೆ ಹಾರ ಹಾಕಿ ಕೂರಿಸಿಬಿಡ್ತಾರೆ."

"ಹಾಗಾದರೆ ಬದನೆಕಾಯೀದು ಕೊಡು."

"ಅದು ಒಣಗಿದೆ. ಒಣಗಿದ್ದು ಕೊಡೋ ಹಾಗಿಲ್ಲ."

"ಮತ್ತೆ ನನಗೆ ಏನೂ ಇಲ್ವಾ?" ಗುಬ್ಬಿ ಅವಳೆದುರಿಗೆ ಬಂದು ನಿಂತಳು. "ನಾನೂ ಒಂದು ವರ್ಷದಿಂದ ಕಾದಿದ್ದೀನಿ ಅಕ್ಕ. ನಿನಗೊಬ್ಬಳಿಗೇನಾ ಬೇಜಾರು?"

ಏಣಿ ತಲೆಯೆತ್ತಿದಳು. ಆಗಿನಿಂದ ತನ್ನ ಜರ್ಸಿ, ತನ್ನ ಕೊನೆಯ ಪಂದ್ಯ, ತನ್ನ ಫೋನು ಎಂದು ಕುದಿದದ್ದೇ ಆಯಿತು. ತೊಡಬೇಕಾದವಳೊಬ್ಬಳು ಎದುರಿಗಿದ್ದಾಳೆ ಎಂಬುದೇ ಮರೆತುಹೋಗಿತ್ತು. ಮಡಚಿಟ್ಟ ಬದನೆಕಾಯಿ ಜರ್ಸಿಯನ್ನು ಎಳೆದುಕೊಂಡು, ಒದ್ದೆ ಬಿಳಿಯನ್ನು ಕಿತ್ತೆಸೆದು, ತಲೆ ತೂರಿಸಿದಳು.

"ಏನು ಮಾಡ್ತಿದ್ದೀಯ?"

"ಬೆವರಿಸ್ತೀನಿ."

"ಈಗಾ?"

"ಮತ್ತೆ ಯಾವಾಗ? ಬಾಯಿ ಮುಚ್ಕೊಂಡು ನಡುವೃತ್ತದಲ್ಲಿ ನಿಂತ್ಕೋ. ಮುಂದಿನ ಸಲ ಯಾರಿಗಾದರೂ ಫೋನ್ ಮಾಡಿದಾಗ ಏನಂತೀಯ?"

"ಬದನೆಕಾಯಿ ಬಣ್ಣ ಅಂತೀನಿ."

"ಮನೆ ಬಟ್ಟೆ ಅಂದೆಯೋ, ಬಂದು ಕಾಲು ಮುರೀತೀನಿ."

ಏಣಿ ಓಡತೊಡಗಿದಳು. ಆಟದ ಓಟವಲ್ಲ ಅದು. ಹಲ್ಲು ಕಚ್ಚಿ, ನೆಲವನ್ನೇ ಒದೆಯುವ ಹಾಗೆ, ಖಾಲಿ ಅಂಕಣದ ಗೆರೆ ಹಿಡಿದು ಸುತ್ತ ಓಡಿದಳು. ಮೇಲಿನಿಂದ ಯಾರೋ ನಕ್ಕರು, ಇನ್ಯಾರೋ ಸುಮ್ಮನಿರಿಸಿದರು. ಅವಳು ತಮ್ಮ ಕಡೆಗೇ ಬರುವುದನ್ನು ಕಂಡು, ನೆಲಕ್ಕೆ ಕೂತಿದ್ದ ಎದುರು ತಂಡದ ನಾಯಕಿ ಬಾಟಲಿಯನ್ನು ಎದೆಗವಚಿಕೊಂಡು, ಚಾಚಿದ ಕಾಲುಗಳನ್ನು ಮಡಚಿ ದಾರಿ ಬಿಟ್ಟಳು.