ದೀಕ್ಷಿತಾಳ ಒಪ್ಪಿಗೆ

ಅಣ್ಣ ಅವಿನ್ ತೀರಿಕೊಂಡಾಗ ತೃಪ್ತಿಗೆ ಅಳು ಬರಲಿಲ್ಲ. ಕಡಬದ ಹತ್ತಿರದ ಸರಕಾರಿ ಪ್ರೌಢಶಾಲೆಯಲ್ಲಿ ಗುಮಾಸ್ತನಾಗಿದ್ದವನು ಸವಣೂರಿನ ತಿರುವಿನಲ್ಲಿ ಬೈಕ್ ಜಾರಿ ಹೋಗಿಬಿಟ್ಟ. ಬಂದವರಿಗೆಲ್ಲ ಕುರ್ಚಿ ಹಾಕುತ್ತ, ನೀರು ಕೊಡುತ್ತ ಅವಳು ಓಡಾಡಿದಳು. "ಗಟ್ಟಿ ಹುಡುಗಿ" ಎಂದರು ಜನ. ಗಟ್ಟಿಯೂ ಅಲ್ಲ, ಮೆದುವೂ ಅಲ್ಲ. ಹಲ್ಲಿನ ಡಾಕ್ಟರು ಸೂಜಿ ಚುಚ್ಚಿದ ಮೇಲೆ ಕೆನ್ನೆ ಇದ್ದೂ ಇಲ್ಲದ ಹಾಗಾಗುತ್ತದಲ್ಲ, ಅಂಥದ್ದು ಮೈಗೆಲ್ಲ.

ಮನೆ ನಡೆಯುತ್ತಿದ್ದದ್ದೇ ಅವನ ಸಂಬಳದಲ್ಲಿ. ಅಮ್ಮ ಮೊದಲೇ ಹೋಗಿದ್ದಳು. ಅಪ್ಪ ದುಗ್ಗಪ್ಪ ಗೌಡರು ಮರದಿಂದ ಬಿದ್ದು ಸೊಂಟ ಕಳೆದುಕೊಂಡವರು. ಮದುವೆಯಾಗದೆ ಸತ್ತ ನೌಕರನಾದರೆ ಅವನನ್ನೇ ನಂಬಿದ್ದ ತಂಗಿಗೆ ಅನುಕಂಪದ ಕೆಲಸ ಸಿಗುತ್ತದೆ ಎಂದು ಶಾಲೆಯವರೇ ಅರ್ಜಿ ಹಾಕಿಸಿದರು. ಅರ್ಜಿ ಹೋಯಿತು, ಹೋದದ್ದು ಹೋಯಿತು. ಪುತ್ತೂರಿನಲ್ಲಿ ಕೇಳಿದರೆ ಮಂಗಳೂರು ಎಂದರು, ಮಂಗಳೂರಿನಲ್ಲಿ ಕೇಳಿದರೆ ಪುತ್ತೂರು.

"ಇದು ಆಫೀಸಿನ ತೊಂದರೆ ಅಲ್ಲ," ಜೋಯಿಸರಲ್ಲಿಗೆ ಹೋಗಿಬಂದ ಗೌಡರು ಹೇಳಿದರು. "ಮದುವೆ ಆಗ್ಲಿಲ್ಲ ಅಂತ ಅವನ ಮನಸ್ಸಿನಲ್ಲಿ ಉಂಟು. ಅವನೇ ಅಡ್ಡ ನಿಂತದ್ದು."

ಪ್ರೇತಮದುವೆ ಮಾಡಿಸಿದರೆ ಸರಿಯಾಗುತ್ತದಂತೆ. ಸತ್ತವನಿಗೆ ಸತ್ತ ಹೆಣ್ಣನ್ನೇ ಹುಡುಕಬೇಕು. ಮಂಡೆಕೋಲಿನ ಚೆನ್ನಕ್ಕನ ಮಗಳು ದೀಕ್ಷಿತಾ ಪುಟ್ಟ ಮಗುವಾಗಿದ್ದಾಗಲೇ ಜ್ವರದಲ್ಲಿ ಹೋದವಳು; ಇದ್ದಿದ್ದರೆ ಈಗ ಮದುವೆಯ ಪ್ರಾಯ. ಬದುಕಿದವರ ಮದುವೆ ನಡೆಯದ ಆಟಿ ತಿಂಗಳಲ್ಲಿ ಎರಡು ಮಣೆಯ ಮೇಲೆ ಸೀರೆ, ಪಂಚೆ ಇಟ್ಟು ಧಾರೆ ಎರೆದರು.

"ಜೋಡಿ ಲಾಯ್ಕುಂಟು ಮಾರಾಯ್ರೆ, ಗಂಡ ಹೆಂಡತಿ ಜಗಳ ಅಂತ ಪಂಚಾತಿಗೆ ಕರಿಲಿಕ್ಕಿಲ್ಲ," ಎಂದು ನೆಂಟರು ನಗಾಡಿದರು. ತೃಪ್ತಿ ಪಾಯಸ ಬಡಿಸಿದಳು.

ಆಮೇಲೆ ಫೈಲು ನಿಜಕ್ಕೂ ಅಲುಗಾಡಿತು. ವಿಚಾರಣೆಗೆಂದು ಹೊಸ ಅಧಿಕಾರಿಯೊಬ್ಬರು ಮನೆಗೇ ಬಂದರು. ತೃಪ್ತಿ ಒಳಗೆ ಚಹಾ ಸೋಸುತ್ತಿದ್ದಳು. ಮಗನಿಗೆ ಮದುವೆ ಆಗಿದೆಯಾ ಎಂದು ಅವರು ಕೇಳಿದ್ದಕ್ಕೆ ಗೌಡರು, "ಓ, ಆಗಿದೆ! ಮಂಡೆಕೋಲಿಂದ ತಂದದ್ದು. ದೀಕ್ಷಿತಾ ಅಂತ ಹೆಸರು," ಎಂದುಬಿಟ್ಟರು. ಬಂದವರು ಬರೆದುಕೊಂಡು ಹೋದರು.

ಪುತ್ತೂರಿನ ಕಚೇರಿಯಲ್ಲಿ ಫೈಲು ನೋಡುತ್ತಿದ್ದ ಮೇಡಂ ಗದಗದ ಕಡೆಯವರು. "ಹೆಂಡ್ತಿ ಇದ್ರ ತಂಗಿಗೆ ಹೆಂಗ್ ಕೊಡಾಕ ಬರ್ತೈತಿ? ಆಕೀ ಒಪ್ಪಿಗೆ ಪತ್ರ ತಗೊಂಡ್ ಬರ್ರಿ."

"ಅವಳು ಇಲ್ಲ ಮೇಡಂ. ತೀರಿಕೊಂಡಿದ್ದಾಳೆ."

"ಯಾವಾಗ?"

"ಮದುವೆಗಿಂತ ಮೊದಲೇ."

ಮೇಡಂ ಪೆನ್ನು ಕೆಳಗಿಟ್ಟರು. ತೃಪ್ತಿ ಎಲ್ಲವನ್ನೂ ಹೇಳಿದಳು, ಬಸ್ಸಿನ ಸಮಯ ಹೇಳುವ ಹಾಗೆ.

"ಹಂಗಾದ್ರ ನಿಮ್ಮಪ್ಪ ಬಂದು, ಮಗನಿಗೆ ಹೆಂಡ್ತಿ ಇಲ್ಲ ಅಂತ ನನ್ನ ಮುಂದ ಹೇಳಿ ಸಹಿ ಹಾಕ್ಲಿ. ಇಲ್ಲಾಂದ್ರ ಅರ್ಜಿ ತಿರಸ್ಕಾರ ಆಗ್ತೈತಿ ನೋಡವಾ."

ಗೌಡರು ಒಪ್ಪಲಿಲ್ಲ. "ಹೆಣ್ಣು ಕೇಳ್ಲಿಕ್ಕೆ ಅವರ ಚಾವಡಿಯಲ್ಲಿ ಕೂತದ್ದು ನಾನು. ಈಗ ಸೊಸೆಯೇ ಇಲ್ಲ ಅಂತ ಹೇಳುದಾ? ಯಾವ ಮುಖ ಇಟ್ಟುಕೊಂಡು?"

"ಕೆಲಸ ಹೋಗ್ತದೆ ಅಪ್ಪ. ಉಣ್ಣುದು ಎಂತ?"

ಅವರು ಅಂಗಳ ನೋಡಿದರು. "ಆಗಬಹುದು ಅಂತ ಚೆನ್ನಕ್ಕ ಹೇಳ್ಲಿ. ಹೆಣ್ಣು ಕೊಟ್ಟವಳು ಅವಳು."

ಮರುದಿನ ತೃಪ್ತಿ ಸುಳ್ಯದಲ್ಲಿ ಬಸ್ಸು ಬದಲಿಸಿ ಮಂಡೆಕೋಲಿಗೆ ಹೋದಳು. ಚೆನ್ನಕ್ಕ ಜಗಲಿಯಲ್ಲಿ ಕೂತು ಬೀಡಿ ಕಟ್ಟುತ್ತಿದ್ದಳು. ಕೇಳುತ್ತ ಕೇಳುತ್ತ ಕೈ ನಿಂತಿತು.

"ಅವಳ ಹೆಸರು ಆಫೀಸಿನವರು ಬರ್ಕೊಂಡಿದ್ದಾರಾ?"

"ಹೌದು ಅಕ್ಕ."

"ಶಾಲೆಗೆ ಸೇರಿಸುವ ಮೊದಲೇ ಹೋಯ್ತು ಮಗು. ರೇಷನ್ ಕಾರ್ಡಿಗೂ ಹೆಸರು ಹಾಕ್ಸಿರ್ಲಿಲ್ಲ." ಚೆನ್ನಕ್ಕ ಎಲೆಯನ್ನು ಮತ್ತೆ ಕೈಗೆತ್ತಿಕೊಂಡಳು. "ಬರ್ದದ್ದೇ ಅದೊಂದು ಕಡೆ. ಅದನ್ನೂ ಹೊಡೆದು ಹಾಕ್ಬೇಕಾ?"

ತೃಪ್ತಿಗೆ ಏನಾದರೂ ಅನ್ನಿಸಬೇಕಿತ್ತು, ಜಗಲಿಯ ಸಿಮೆಂಟು ತಣ್ಣಗಿದೆ ಎಂದಷ್ಟೇ ಅನ್ನಿಸಿತು.

"ಹೋಗು, ಇಲ್ಲ ಅಂತ ಹೇಳ್ಲಿಕ್ಕೆ ಹೇಳು ಅಪ್ಪನಿಗೆ," ಎಂದಳು ಚೆನ್ನಕ್ಕ ಕೊನೆಗೆ. "ಹಸಿವಾಗುದು ಬದುಕಿದವರಿಗೆ. ಊಟ ಮಾಡಿಯೇ ಹೋಗು, ಗಂಜಿ ಉಂಟು."

ಸೋಮವಾರ ಗೌಡರು ಇಸ್ತ್ರಿ ಮಾಡಿದ ಅಂಗಿ ತೊಟ್ಟು ಪುತ್ತೂರಿಗೆ ಬಂದರು. ಮೇಡಂ ಓದಿ ಹೇಳಿ, "ಮಗನಿಗೆ ಹೆಂಡ್ತಿ ಇಲ್ಲ, ಹೌದಲ್ರಿ?" ಎಂದರು.

ಗೌಡರು ಅಂಗಿಯ ತುದಿ ಎಳೆದು ಸರಿಮಾಡಿಕೊಂಡರು.

"ಇಲ್ಲ ಮೇಡಂ," ಎಂದಳು ತೃಪ್ತಿ.

"ನೀ ಅಲ್ಲವಾ, ಅವ್ರು ಹೇಳ್ಬೇಕು."

ಫ್ಯಾನು ತಿರುಗುತ್ತಿತ್ತು. ಪಕ್ಕದ ಮೇಜಿನವರೂ ತಲೆ ಎತ್ತಿದರು.

"ಇಲ್ಲ," ಎಂದರು ಗೌಡರು. ಸಹಿ ಹಾಕಿದರು.

"ಮುಗೀತು. ಇನ್ನ ಆರ್ಡರ್ ಬರ್ತೈತಿ. ಖುಷಿ ಆತಿಲ್ಲೋ?" ಮೇಡಂ ನಕ್ಕರು.

"ಆಯ್ತು ಮೇಡಂ," ಎಂದಳು ತೃಪ್ತಿ.

ಹೊರಗೆ ಮೆಟ್ಟಿಲ ಬಳಿ ಗೌಡರು ಕಂಬ ಹಿಡಿದು ನಿಂತರು. "ಮಗಾ, ಅದು ಕಾಗದದಲ್ಲಿ ಮಾತ್ರ. ಬೇಜಾರ ಮಾಡ್ಬೇಡ," ಎಂದರು ಮೆಲ್ಲಗೆ.

"ನನಗೆಂತ ಬೇಜಾರಿಲ್ಲ ಅಪ್ಪ," ಎಂದು ತೃಪ್ತಿ ತಿರುಗಿದಳು.

ಅಪ್ಪ ಅವಳ ಕಡೆಗೆ ನೋಡುತ್ತಿರಲಿಲ್ಲ; ಸತ್ತವರು ಅಲ್ಲೇ ನಿಂತ ಹಾಗೆ ಖಾಲಿ ಮೆಟ್ಟಿಲ ಕಡೆ ನೋಡುತ್ತಿದ್ದರು.