ಸತ್ತವನು ಎದ್ದು ನಗಬೇಕು

ಸಾಯುವುದರಲ್ಲಿ ಹನುಮಯ್ಯನಿಗೆ ಒಳ್ಳೆಯ ಹೆಸರಿತ್ತು. ಮೂವತ್ತು ವರ್ಷದಲ್ಲಿ ಸಿನಿಮಾದವರು ಅವನನ್ನು ಹಾವು ಕಚ್ಚಿಸಿ, ಲಾರಿ ಹತ್ತಿಸಿ, ಗುಂಡು ಹಾರಿಸಿ ಸಾಯಿಸಿದ್ದರು. ಮೂಗಿನ ಮೇಲೆ ನೊಣ ಕೂತರೂ ಅಲುಗಾಡುವ ಆಸಾಮಿಯಲ್ಲ. ನಾಯಕ ಎದೆಯ ಮೇಲೆ ಬಿದ್ದು ಗೋಳಾಡುವಾಗ ಉಸಿರು ಹಿಡಿದು ಮಲಗಿರಬೇಕು. ಅಷ್ಟೇ ಪಾತ್ರ, ಅಷ್ಟೇ ಅನ್ನ.

ಬದುಕುವ ಪಾತ್ರ ಸಿಕ್ಕಿದ್ದು ಅರವತ್ತು ದಾಟಿದ ಮೇಲೆ, ಅದೂ ಧಾರಾವಾಹಿಯಲ್ಲಿ. ಮೂರು ವರ್ಷದಿಂದ ಅನ್ನಪೂರ್ಣೇಶ್ವರಿ ನಗರದ ಶೂಟಿಂಗ್ ಮನೆಯಲ್ಲಿ ಅವನು ಒಂದು ಕೂಡು ಕುಟುಂಬದ ತಾತ. ಸುಂಕದಕಟ್ಟೆಯ ಅವನ ಬೀದಿಯಲ್ಲಿ ಸೊಪ್ಪು ಮಾರುವವಳು ಕೂಡ, "ಏನ್ ತಾತ, ಸೊಸೆ ಮೇಲೆ ಯಾಕಿಷ್ಟು ಸಿಡಿಮಿಡಿ?" ಎಂದು ಗದರುತ್ತಿದ್ದಳು. ಅದನ್ನು ಕೇಳಲೆಂದೇ ಅವನು ದಿನಾ ಸೊಪ್ಪು ಕೊಳ್ಳುತ್ತಿದ್ದ. ಹೆಂಡತಿ ಪಟಾಲಮ್ಮನಿಗೆ ಸೊಪ್ಪು ಬಿಡಿಸಿ ಬಿಡಿಸಿ ಸಾಕಾಗಿಹೋಗಿತ್ತು.

ಈಗ ಆ ತಾತ ಸಾಯಬೇಕಂತೆ. ಟಿಆರ್‌ಪಿ ಇಳಿದಿದೆ, ಮನೆಯಲ್ಲೊಂದು ಸಾವಾದರೆ ಏರುತ್ತದೆ ಎಂದು ಚಾನೆಲ್‌ನವರ ನಂಬಿಕೆ. ಹನುಮಯ್ಯನಿಗೆ ವಿಷಯ ತಿಳಿದದ್ದು ಬೆಳಿಗ್ಗೆ, ಮೇಕಪ್ ಮಾಡುವ ಸುವರ್ಣಾ ಮೂಗಿಗೆ ಹತ್ತಿ ತಂದಾಗ. ಒಂದು ಧಾರಾವಾಹಿಯ ತಾತನನ್ನು ಇನ್ನೊಂದಕ್ಕೆ ಯಾರೂ ಕರೆಯುವುದಿಲ್ಲ. ಈ ವಯಸ್ಸಿನಲ್ಲಿ ಇದು ಹೋದರೆ ಹೋಯಿತು.

ನಿರ್ದೇಶಕ ರೇವಂತ್ ಹತ್ತಿರ ಓಡಿದ. ಆತನಿಗೆ ಮೂವತ್ತೂ ತುಂಬಿಲ್ಲ.

"ಸಾಯಿಸ್ಬೇಡಿ ಸಾರ್. ಕೋಮಾಗೆ ಹಾಕ್ಬಿಡಿ. ಡೈಲಾಗೂ ಬೇಡ, ಮೂಲೇಲಿ ಮಂಚದ್ ಮೇಲೆ ಬಿದ್ದಿರ್ತೀನಿ."

"ಸ್ಟೋರಿ ಲಾಕ್ ಆಗೋಗಿದೆ ತಾತ, ನನ್ ಕೈಲೇನೂ ಇಲ್ಲ. ಹೋಗಿ ಮಲ್ಕೊಳ್ಳಿ, ಪ್ಲೀಸ್."

ಹಜಾರದಲ್ಲಿ ಚಾಪೆ ಹಾಸಿ, ತಲೆಯ ಹತ್ತಿರ ದೀಪ ಹಚ್ಚಿದ್ದರು. ಮಲಗಿದ ಹನುಮಯ್ಯನಿಗೆ ಒಂದು ದುರ್ಬುದ್ಧಿ ಹೊಳೆಯಿತು. ಹೆಣದ ಶಾಟೇ ಓಕೆ ಆಗದಿದ್ದರೆ ತಾತ ಸಾಯುವುದಾದರೂ ಹೇಗೆ? 'ಆ್ಯಕ್ಷನ್' ಅಂದರು, ಎದೆ ಏರಿಳಿಯಿತು. ಎರಡನೆಯ ಸಲ ಹೆಬ್ಬೆರಳು ಕುಣಿಯಿತು. ಮೂರನೆಯ ಸಲ ಕೆಮ್ಮು. ಏಳನೇ ಟೇಕಿಗೆ ಸೊಸೆ ಪಾತ್ರದವಳ ಗ್ಲಿಸರಿನ್ ಮುಗಿದುಹೋಯಿತು. ಬದುಕಿನಲ್ಲಿ ಕಲಿತ ಒಂದೇ ವಿದ್ಯೆಯನ್ನು ಅವನು ಎಲ್ಲರೆದುರು ಮಣ್ಣುಪಾಲು ಮಾಡುತ್ತಿದ್ದ. ಆದರೂ ಎಂಟನೆಯ ಸಲ ರೆಪ್ಪೆ ಅಲುಗಿಸಿದ.

ರೇವಂತ್ ಕೂಗಾಡಲಿಲ್ಲ. ಕೂಗಾಡಿದ್ದರೆ ಎಷ್ಟೋ ಚೆನ್ನಾಗಿತ್ತು.

"ಹೆಣ ತೋರ್ಸೋದೇ ಬೇಡ ಬಿಡ್ರಪ್ಪ. ನೇರ ಹನ್ನೊಂದನೇ ದಿನದ ಸೀನ್ ಮಾಡೋಣ, ಹಾರ ಹಾಕಿರೋ ಫೋಟೋ ಸಾಕು," ಎಂದು ಸಹಾಯಕರಿಗೆ ಹೇಳಿ, "ತಾತ, ನೀವು ಊಟ ಮಾಡ್ಕೊಂಡು ಹೊರಡಿ," ಎಂದ.

ಲೈಟುಗಳು ಹಜಾರದ ಎದುರು ಗೋಡೆಯತ್ತ ಸರಿದವು. ಹನುಮಯ್ಯ ಮಾತ್ರ ಚಾಪೆ ಬಿಟ್ಟು ಏಳಲಿಲ್ಲ. ಸಿನಿಮಾದ ಹಳಬರಲ್ಲೊಂದು ಪದ್ಧತಿಯಿದೆ. ಹೆಣವಾಗಿ ಮಲಗಿದವನು ಎದ್ದು ಕ್ಯಾಮೆರಾ ನೋಡಿ ಒಮ್ಮೆ ನಗಬೇಕು, ಇಲ್ಲದಿದ್ದರೆ ಆ ಸಾವು ನಿಜವಾಗಿಯೂ ಅಂಟಿಕೊಳ್ಳುತ್ತದೆ ಎಂಬ ಭಯ. ಅಷ್ಟು ಸಲ ಸತ್ತ ಹನುಮಯ್ಯ ಒಮ್ಮೆಯೂ ನಗದೆ ಮನೆಗೆ ಹೋದವನಲ್ಲ.

"ಸಾರ್, ನಗೋ ಶಾಟು..."

"ಸಾಯೋ ಶಾಟೇ ಓಕೆ ಆಗಿಲ್ಲ, ಇನ್ನೇನ್ ನಗ್ತೀರಾ?" ರೇವಂತ್ ತಿರುಗಿಯೂ ನೋಡಲಿಲ್ಲ.

ಸುವರ್ಣಾ ಹತ್ತಿರ ಬಂದಳು. ಮೂಗಿನ ಹತ್ತಿ ತೆಗೆದು, ಮುಖ ಒರೆಸಿ, ತನ್ನ ಮೊಬೈಲ್ ಎತ್ತಿ ಹಿಡಿದಳು.

"ನನ್ ಫೋನಲ್ಲೇ ನಕ್ಬಿಡಿ ಅಣ್ಣ. ಯಾವ್ ಕ್ಯಾಮೆರಾ ಆದ್ರೇನು, ನಕ್ಕಿದ್ದು ನಕ್ಕಂಗೇ ಅಲ್ವಾ?"

ಮೊದಲು ಬಾಯಷ್ಟೇ ನಕ್ಕಿತು. ಇಷ್ಟು ಜನರಲ್ಲಿ ಒಬ್ಬಳಾದರೂ ತನ್ನನ್ನು ಅಣ್ಣ ಅಂದಳಲ್ಲ ಎನಿಸಿ, ಆಮೇಲೆ ಕಣ್ಣುಗಳೂ ನಕ್ಕವು. ಸುವರ್ಣಾ ಫೋಟೋ ತೆಗೆದಳು.

ಎಲ್ಲರ ಊಟ ಮುಗಿದ ಮೇಲೆ ಅವನು ಒಂದಿಷ್ಟು ಮೊಸರನ್ನ ತಿಂದು ಚೀಲ ಹಿಡಿದು ಹೊರಟ. ಹಜಾರದ ಬಾಗಿಲಲ್ಲಿ ಕಾಲು ನಿಂತುಬಿಟ್ಟಿತು. ಗೋಡೆಯ ಮೇಲೆ, ದಪ್ಪ ಸೇವಂತಿಗೆ ಹಾರದೊಳಗೆ, ಅವನು ಆಗಷ್ಟೇ ನಕ್ಕ ನಗು ತೂಗುತ್ತಿತ್ತು.

"ನಿಮ್ ಒಳ್ಳೆ ಫೋಟೋ ಯಾರ್ ಹತ್ರಾನೂ ಇರ್ಲಿಲ್ಲ ಅಣ್ಣ," ಪಕ್ಕದಲ್ಲಿ ನಿಂತಿದ್ದ ಸುವರ್ಣಾ ಅಳುತ್ತಿದ್ದಳು. "ಅಸಿಸ್ಟೆಂಟ್ ಕೇಳಿದ್ರು, ಕಳ್ಸ್‌ಬಿಟ್ಟೆ, ಊಟದ್ ಹೊತ್ತಲ್ಲೇ ಪ್ರಿಂಟ್ ಹಾಕ್ಸ್ಕೊಂಡ್ ಬಂದ್ರು. ಸಾವು ಬಿಡ್ಸೋ ನಗೂಗೇ ಹಾರ ಬೀಳುತ್ತೆ ಅಂತ ನಂಗೆ ಹೊಳೀಲೇ ಇಲ್ಲ."

ಅಷ್ಟರಲ್ಲಿ 'ಸೈಲೆನ್ಸ್' ಎಂದು ಕೂಗಿದರು. ಹಳೆಯ ಅಭ್ಯಾಸ, ಹನುಮಯ್ಯ ನಿಂತಲ್ಲೇ ಉಸಿರು ಹಿಡಿದ. ಸೊಸೆ ಫೋಟೋದ ಮುಂದೆ ಬಿದ್ದು ಗೋಳಾಡಿದಳು. ಅವನ ರೆಪ್ಪೆ ಕೂಡ ಅಲುಗಲಿಲ್ಲ.

ಒಂದೇ ಟೇಕಿಗೆ ಓಕೆ ಆಯಿತು.